ದಪ್ಪ ಹಣ್ಣಿನ ಹುಚ್ಚು

ಜುಲೈ ಬಂತು ಅಂದ್ರೆ ನ್ಯೂಜೆರ್ಸಿ ಕನ್ನಡಿಗರು ದೇವಸ್ಥಾನ ಬಿಟ್ರೆ ಬ್ಲೂಬೆರಿ ತೋಟದಲ್ಲೇ ಸಿಗೋದು. ಹೋದ ವಾರ ನಾನೂ ಬಕೆಟ್ ಹಿಡ್ಕೊಂಡು ಕೀಳ್ತಿದ್ದೆ, ಪಕ್ಕದ ಗಿಡದ ಹತ್ರ ಇದ್ದ ಮೇಡಂ ಒಬ್ರು ಇಣುಕಿ ನೋಡಿ "ಏನ್ರೀ ಇಷ್ಟು ಸಣ್ಣಸಣ್ಣದು ಕಿತ್ತಿದೀರ, ಕೆಂಪಗಿರೋ ಕಾಯೀನೂ ಹಾಕ್ಕೊಂಡಿದೀರಲ್ಲ, ಆ ಸಾಲಿಗೆ ಹೋಗಿ, ಒಂದೊಂದೂ ಎಷ್ಟು ದಪ್ಪ ಇದೆ ನೋಡಿ" ಅಂದ್ರು. ನಕ್ಕು ಸುಮ್ಮನಾದೆ. ಆಮೇಲೆ ಮನೆ ಸೇರೋವರೆಗೂ ಕಾರಲ್ಲಿ ಅವರಿಗೆ ಉತ್ತರ ಕೊಡ್ತಾನೇ ಇದ್ದೆ, ನಮ್ಮೆಜಮಾನ್ರು ಪಾಪ ಹೂಂಗುಟ್ಟಿದ್ರು.

ಅಲ್ಲಾ ರೀ, ನಾನು ಮಾಡೋದು ಜೆಲ್ಲಿ. ಜಜ್ಜಿ ಬೇಯಿಸಿ ಬಟ್ಟೇಲಿ ಸೋಸಿ ಬರೀ ರಸ ಇಟ್ಕೊಳೋ ಕೆಲಸಕ್ಕೆ ದಪ್ಪ ಏನು, ಸಣ್ಣ ಏನು? ದೋರೆಗಾಯಿ ಬೇಕಂತಲೇ ಹಾಕೋದು, ಪೂರ್ತಿ ಹಣ್ಣಾದ್ರೆ ಪೆಕ್ಟಿನ್, ಅಂದ್ರೆ ಜೆಲ್ಲೀನ ಗಟ್ಟಿ ಮಾಡೋ ಅಂಶ, ಕಮ್ಮಿ ಆಗತ್ತೆ, ನಾಲ್ಕರಲ್ಲಿ ಒಂದು ಪಾಲು ಕಾಯಿ ಇದ್ರೇನೇ ನೆಟ್ಟಗೆ ಗಟ್ಟಿಯಾಗೋದು.

ಈ ದಪ್ಪದ ಹುಚ್ಚು ಶುರುವಾಗಿದ್ದೂ ಇದೇ ನ್ಯೂಜೆರ್ಸೀಲೇ. ವೈಟ್ಸ್‌ಬಾಗ್ ಅಂತ ಒಂದು ಊರು, ಅಲ್ಲಿ ಎಲಿಜಬೆತ್ ವೈಟ್ ಅಂತ ಒಬ್ರು, ಅವರಪ್ಪಂದು ಕ್ರ್ಯಾನ್‌ಬೆರಿ ತೋಟ. 1911ರಲ್ಲಿ ಫ್ರೆಡ್ರಿಕ್ ಕೋವಿಲ್ ಅನ್ನೋ ಸರ್ಕಾರಿ ಸಸ್ಯಶಾಸ್ತ್ರಜ್ಞರ ಬ್ಲೂಬೆರಿ ವರದಿ ಓದಿ, ಬನ್ನಿ ನಮ್ಮ ಜಮೀನಲ್ಲೇ ಪ್ರಯೋಗ ಮಾಡಿ ಅಂತ ಕರೆದ್ರಂತೆ. ಅಲ್ಲೀತನಕ ಅದು ಕಾಡಲ್ಲಿ ತಾನಾಗೇ ಬೆಳೆಯೋ ಹಣ್ಣು, ಹೋಗಿ ಕಿತ್ಕೊಂಡು ಬರೋದು ಅಷ್ಟೇ. ಈಯಮ್ಮ ಪೈನ್ ಬ್ಯಾರೆನ್ಸ್ ಕಾಡು ಗೊತ್ತಿದ್ದ ಜನರ ಕೈಗೆ ತೂತಿರೋ ಒಂದು ಅಳತೆಪಟ್ಟಿ ಕೊಟ್ರು, ತೂತು 5/8 ಇಂಚು, ಅಂದ್ರೆ ಹೆಚ್ಚುಕಮ್ಮಿ 16 ಮಿಲಿಮೀಟರ್. ಹಣ್ಣು ಅದರಲ್ಲಿ ತೂರಲಿಲ್ಲ ಅಂದ್ರೆ ಗಿಡ ತೋರಿಸಿದವರಿಗೆ ದುಡ್ಡು, ಗಿಡಕ್ಕೆ ಅವರದೇ ಹೆಸರು. ನಂಗೆ ಆ ಜನರದ್ದೇ ಯೋಚನೆ, ಸೊಳ್ಳೆ ಕಚ್ಚಿಸ್ಕೊಂಡು ಪೊದೆ ಪೊದೆ ನುಗ್ಗಿ, ಹಣ್ಣನ್ನ ತೂತಿಗೆ ಹಿಡಿದು, ತೂರದೆ ಇರಲಪ್ಪಾ ದೇವ್ರೇ ಅಂತ ಬೇಡ್ಕೊಂಡಿರ್ತಾರೆ. ರೂಬ್ ಲೀಕ್ ಅನ್ನೋನು ಹುಡುಕಿದ ಗಿಡ ರೂಬೆಲ್ ತಳಿ ಆಯ್ತು, 1916ರಲ್ಲಿ ಮೊದಲ ಬೆಳೆ ಮಾರ್ಕೆಟ್ಟಿಗೆ ಬಂತು. ತಮಾಷೆ ಅಂದ್ರೆ ಇವತ್ತು ಅಂಗಡೀಲಿ ಸಿಗೋದರ ಪಕ್ಕ ಇಟ್ರೆ ಆ ರೂಬೆಲ್ಲೇ ಸಣ್ಣ ಹಣ್ಣು. ಆ ಮೇಡಂ ಕೈಗೆ ಸಿಕ್ಕಿದ್ರೆ ಅದನ್ನೂ ಬಿಸಾಕಿಸ್ತಿದ್ರು.

ಎಲ್ಲಿದ್ದೆ? ಸೋಸೋದು. ಹಳೇ ಪಂಚೇಲಿ ಗಂಟು ಕಟ್ಟಿ ನಲ್ಲಿಗೆ ನೇತುಹಾಕಿ, ರಾತ್ರಿಯಿಡೀ ತಾನಾಗೇ ತೊಟ್ಟಿಕ್ಕೋಕೆ ಬಿಡಬೇಕು, ಹಿಂಡಿದ್ರೆ ಜೆಲ್ಲಿ ಮಬ್ಬಾಗತ್ತೆ. ಊರಿಂದ ಬಂದಿರೋ ಅಮ್ಮಂಗೆ ಇಷ್ಟನ್ನೂ ಹೇಳಿ ಮಲಗಿದೆ. ಬೆಳಗ್ಗೆ ನೋಡ್ತೀನಿ, ಗಂಟು ಒಣಕಲಾಗಿದೆ, ಅಮ್ಮನ ಅಂಗೈ ನೇರಳೆ ಬಣ್ಣ. "ಅಷ್ಟು ರಸ ಒಳಗೇ ಕೂತಿತ್ತಲ್ಲೇ, ದುಡ್ಡು ಕೊಟ್ಟು ತಂದಿದ್ದು." ಕಾಯಿಹಾಲು ಹಿಂಡಿ ಪಳಗಿದ ಕೈ, ಏನು ಮಾಡೋಕಾಗತ್ತೆ. ಮಬ್ಬಾಗತ್ತಮ್ಮ ಅಂದ್ರೆ, "ತಿನ್ನೋಕಾ, ನೋಡೋಕಾ?" ರುಚಿ ಏನೂ ಕೆಟ್ಟಿಲ್ಲ, ನಿಜ. ಆದ್ರೂ ಬಾಟ್ಲಿ ಬೆಳಕಿಗೆ ಹಿಡಿದಾಗೆಲ್ಲ ನಂಗೆ ಉರಿಯತ್ತೆ.

ಮಿಕ್ಕಿದ್ದು ಸುಲಭ. ಸಕ್ಕರೆ, ನಿಂಬೆರಸ ಹಾಕಿ 104 ಡಿಗ್ರಿ ಸೆಲ್ಸಿಯಸ್ ಮುಟ್ಟೋವರೆಗೆ ಕುದಿಸೋದು. ಥರ್ಮಾಮೀಟರ್ ಇಲ್ದಿದ್ರೆ ಸೌಟು ಓರೆ ಮಾಡಿ, ಎರಡು ಹನಿ ಅಂಚಲ್ಲಿ ಒಂದಾಗಿ ಹಾಳೆ ಥರ ಜಾರಿದ್ರೆ ಆಯ್ತು. ಮೇಲೆ ಕಾಲಿಂಚು ಬಿಟ್ಟು ಬಾಟ್ಲಿಗೆ ತುಂಬಿ, ಮುಚ್ಚಿ, ಕುದಿಯೋ ನೀರಲ್ಲಿ ಮುಳುಗಿಸಿ 10 ನಿಮಿಷ. ಆರುತ್ತಾ ಮುಚ್ಚಳ ಟಕ್ ಅಂತ ಒಳಗೆ ಕೂರಬೇಕು, ಕೂರದೇ ಇದ್ದಿದ್ದು ಫ್ರಿಜ್ಜಿಗೆ, ಬೇಗ ಖಾಲಿ ಮಾಡಿ.

ನನ್ನ ಹತ್ರ ಜೆಲ್ಲಿ ಬಾಟ್ಲಿ ತಗೊಂಡು ಹೋಗೋರಿಗೆ ಇನ್ನೊಂದು ಮಾತು. ಆ ತಗಡಿನ ಮುಚ್ಚಳ ಒಂದೇ ಸಲಕ್ಕೆ, ಅದು ಬೇಡ. ಬಾಟ್ಲಿ, ಮುಚ್ಚಳದ ಮೇಲೆ ತಿರುಗಿಸೋ ರಿಂಗು ಎರಡೂ ವಾಪಸ್ ಬೇಕು. ಹೋದ ವರ್ಷ ತಗೊಂಡು ಹೋದವರು ಅದರಲ್ಲಿ ಕೊತ್ತಂಬರಿ ಬೀಜ ತುಂಬಿಟ್ಟಿರೋದು ನಿಮ್ಮ ಅಡುಗೆಮನೇಲಿ ನಾನೇ ಕಣ್ಣಾರೆ ನೋಡಿದೀನಿ. ಖಾಲಿ ಕೊಡೋಕೆ ಸಂಕೋಚ ಅಂತಿದ್ರೆ ಸಾರಿನಪುಡಿ ಹಾಕಿ ಕೊಡಿ, ನಾನೇನೂ ಬೇಡ ಅನ್ನಲ್ಲ.