ಗೋಡೆ ನೋಡುತ್ತಾ ನಿಂತ ವೀರ

ರಾಜ್ಯ ಹೊತ್ತಿ ಉರಿಯುತ್ತಿದೆ. ಶತ್ರುಗಳು ಕೋಟೆಯ ಬಾಗಿಲಿಗೇ ಬಂದಿದ್ದಾರೆ. ಲೋಕ ಕಾಪಾಡಬೇಕಾದ ವೀರ ಮಾತ್ರ ಒಂದು ಹಳೇ ಕಲ್ಲುಗೋಡೆಗೆ ಮೂಗು ತಾಗಿಸಿಕೊಂಡು ನಿಂತಿದ್ದಾನೆ. ಅವನದೇನೂ ತಪ್ಪಿಲ್ಲ ಪಾಪ, ವಿಡಿಯೋ ಗೇಮಿನ ಕಂಟ್ರೋಲರ್ ನನ್ನ ಕೈಯಲ್ಲಿದೆ. ಗೋಡೆಯ ಬಿರುಕಿನಲ್ಲಿ ಬೆಳೆದ ಪಾಚಿ 4ಕೆ ಟಿವಿಯಲ್ಲಿ ಹೇಗೆ ಕಾಣುತ್ತದೆ ಅಂತ ನನಗೆ ನೋಡಬೇಕಿತ್ತು. ಚೆನ್ನಾಗೇ ಕಾಣುತ್ತದೆ. ಹಸಿರಿನಲ್ಲೇ ಎರಡು ಮೂರು ಥರ ಇದೆ, ಅಂಚಿನಲ್ಲಿ ಸ್ವಲ್ಪ ಒಣಗಿದೆ, ಪಕ್ಕದಲ್ಲಿ ನೀರು ಇಳಿದ ಕಲೆಯೂ ಇದೆ. ಇದನ್ನು ಯಾರೋ ಒಬ್ಬರು ದಿನಗಟ್ಟಲೆ ಕೂತು ಮಾಡಿರುತ್ತಾರೆ, ಅವರ ಶ್ರಮಕ್ಕೆ ಇಷ್ಟಾದರೂ ಮರ್ಯಾದೆ ಕೊಡಬೇಡವಾ? ಅಷ್ಟರಲ್ಲಿ ಹಿಂದಿನಿಂದ ಯಾವನೋ ಬಂದು ವೀರನ ಬೆನ್ನಿಗೆ ಕತ್ತಿ ಇಳಿಸುತ್ತಾನೆ.

ಈ ಚಟ ಮೊದಲು ಇರಲಿಲ್ಲ. ಇರೋಕೆ ದಾರಿಯೂ ಇರಲಿಲ್ಲ, ಯಾಕಂದ್ರೆ ಗೋಡೆಯಲ್ಲಿ ನೋಡೋಕೆ ಏನೂ ಇರುತ್ತಿರಲಿಲ್ಲ. ನಿಂಟೆಂಡೊದ ಹಳೇ ಎನ್‌ಇಎಸ್ ಕನ್ಸೋಲು, ಅಂದರೆ ಟಿವಿಗೆ ಜೋಡಿಸಿ ಆಡುವ ಗೇಮ್ ಯಂತ್ರ, ಬಿಡಿಸುತ್ತಿದ್ದ ಚಿತ್ರದಲ್ಲಿ ಅಡ್ಡಕ್ಕೆ 256, ಉದ್ದಕ್ಕೆ 240 ಪಿಕ್ಸೆಲ್, ಅಂದರೆ ಚಿತ್ರ ಕಟ್ಟುವ ಪುಟ್ಟ ಚುಕ್ಕೆಗಳು. ಒಟ್ಟು 61,440. ಈಗಿನ 4ಕೆ ಚಿತ್ರದಲ್ಲಿ 3840 ಮತ್ತು 2160, ಅಂದರೆ 82,94,400. ಭಾಗಿಸಿ ನೋಡಿ, ಸರಿಯಾಗಿ 135 ಪಟ್ಟು ಬರುತ್ತದೆ. 1981ರಲ್ಲಿ ಡಾಂಕಿ ಕಾಂಗ್ ಆಟಕ್ಕೆ ಮಾರಿಯೋನನ್ನು ಬಿಡಿಸುವಾಗ ನಿಂಟೆಂಡೊದ ಆಟಗಳ ವಿನ್ಯಾಸಕಾರ ಶಿಗೆರು ಮಿಯಾಮೊಟೊ ಅವರಿಗೆ ಆ ಪುಟ್ಟ ಮುಖದಲ್ಲಿ ಬಾಯಿ ಇಡೋಕೂ ಜಾಗ ಸಿಗಲಿಲ್ಲ. ದಪ್ಪ ಮೂಗು ಇಟ್ಟು, ಕೆಳಗೆ ಮೀಸೆ ಎಳೆದು ಮುಗಿಸಿದರು. ಕೂದಲು ಬಿಡಿಸೋದು ಕಷ್ಟ ಅಂತ ಟೋಪಿ ಹಾಕಿದರು. ಆ ಕೂದಲು ಇವತ್ತಿಗೂ ಕಷ್ಟವೇ, ಅದು ಬೇರೆ ವಿಷಯ. ಇಷ್ಟೊಂದು ಪಿಕ್ಸೆಲ್ ಕೊಟ್ಟ ಮೇಲೂ ಯಾವುದಾದರೂ ಹೊಸ ಆಟದಲ್ಲಿ ನಾಯಕಿಯ ಕೂದಲನ್ನು ಗಮನಿಸಿ, ಗಾಳಿಗೆ ಹಾರುವಾಗ ತುದಿಯೆಲ್ಲ ಮಿಣಮಿಣ ಅನ್ನುತ್ತಿರುತ್ತದೆ.

ಯಾಕೆ ಅಂದ್ರೆ ಆ ಕೂದಲಿನಲ್ಲಿ ಅರ್ಧಕ್ಕರ್ಧ ಊಹೆ. ಕೂದಲು ಮಾತ್ರ ಅಲ್ಲ, ನಾನು ಮೂಗು ತಾಗಿಸಿ ನೋಡಿದ ಪಾಚಿಯೂ ಊಹೆಯೇ. ಟಿವಿಯ ಮೂಲೆಯಲ್ಲಿ 4ಕೆ ಅಂತ ತೋರಿಸುತ್ತದೆ, ನಿಜ. ಆದರೆ ಕನ್ಸೋಲು ಅಷ್ಟೂ ಪಿಕ್ಸೆಲನ್ನು ಕೂತು ಲೆಕ್ಕ ಹಾಕಿ ಬಿಡಿಸೋದು ಅಪರೂಪ. 2016ರ ಸೋನಿ ಪ್ಲೇಸ್ಟೇಷನ್ 4 ಪ್ರೊ ಕನ್ಸೋಲಿನ ಕಾಲದಲ್ಲಿ ಚದುರಂಗದ ಮನೆಗಳ ಲೆಕ್ಕ ಇತ್ತು. ಒಂದು ಫ್ರೇಮಿನಲ್ಲಿ, ಅಂದರೆ ಒಂದರ ಹಿಂದೊಂದು ಬರುವ ಚಿತ್ರಗಳಲ್ಲಿ ಒಂದರಲ್ಲಿ, ಅರ್ಧ ಮನೆ ಬಿಡಿಸೋದು, ಉಳಿದ ಅರ್ಧವನ್ನು ಹಿಂದಿನ ಫ್ರೇಮು ನೋಡಿಕೊಂಡು ತುಂಬೋದು. ಈಗ ಕಮ್ಮಿ ಪಿಕ್ಸೆಲಿನ ಚಿತ್ರವನ್ನು ಊಹಿಸಿ ಹಿಗ್ಗಿಸುವ, ಅದಕ್ಕಿಂತ ಜಾಣ ಉಪಾಯಗಳು ಬಂದಿವೆ. ಎಎಂಡಿಯ ಎಫ್‌ಎಸ್‌ಆರ್ ಇದೆ, 2024ರ ಪ್ಲೇಸ್ಟೇಷನ್ 5 ಪ್ರೊ, ಅಂದರೆ ಪಿಎಸ್5 ಪ್ರೊದಲ್ಲಿ ಪಿಎಸ್‌ಎಸ್‌ಆರ್ ಇದೆ, 2025ರ ನಿಂಟೆಂಡೊ ಸ್ವಿಚ್ 2ರಲ್ಲಿ ಎನ್ವಿಡಿಯಾದ ಡಿಎಲ್‌ಎಸ್‌ಎಸ್ ಇದೆ. ಆಟ ಒಳಗೊಳಗೆ 2560ಕ್ಕೆ 1440ರಲ್ಲಿ ಬಿಡಿಸಿತು ಅಂತಿಟ್ಟುಕೊಳ್ಳಿ. ಅದು ಸುಮಾರು 37 ಲಕ್ಷ ಪಿಕ್ಸೆಲ್ ಅಷ್ಟೇ, 4ಕೆಯ ಅರ್ಧವೂ ಆಗಲಿಲ್ಲ. ಬಾಕಿಯದ್ದನ್ನೆಲ್ಲ, ಅರ್ಧ ಮಾತು ಕೇಳಿಸಿಕೊಂಡೇ ಪೂರ್ತಿ ವಿಷಯ ಹೇಳಿಬಿಡುವವರ ಹಾಗೆ, ಯಂತ್ರ ತಾನೇ ತುಂಬುತ್ತದೆ. ಅಂಥವರು ಎಷ್ಟೋ ಸಲ ಸರಿಯಾಗೇ ಹೇಳುತ್ತಾರೆ ಅನ್ನೋದೂ ನಿಜ.

ನನಗೆ ಇದರಲ್ಲಿ ಮೋಸ ಅಂತ ಏನೂ ಅನ್ನಿಸಲ್ಲ. ಪಾಚಿ ಪಾಚಿಯ ಹಾಗೆ ಕಂಡರೆ ಆಯ್ತು. ಮಜಾ ಇರೋದು ಬೇರೆ ಕಡೆ. ಈ ಊಹೆ ಮಾಡುವ ವಿದ್ಯೆ ನಡೆಯೋದೇ ಹಳೇ ಫ್ರೇಮುಗಳ ನೆನಪಿನ ಮೇಲೆ. ಪ್ರತಿ ಫ್ರೇಮಿನಲ್ಲೂ ಪಿಕ್ಸೆಲ್ ತೆಗೆದುಕೊಳ್ಳುವ ಜಾಗವನ್ನು ಕೂದಲೆಳೆಯಷ್ಟು ಆಚೀಚೆ ಸರಿಸುತ್ತಾ ಹೋಗುತ್ತಾರೆ, ಹಾಗೆ ಸಿಕ್ಕಿದ್ದನ್ನೆಲ್ಲ ಒಟ್ಟು ಹಾಕಿದಾಗ ವಿವರ ಮೂಡುತ್ತದೆ. ಅಂದರೆ ವೀರ ಅಲ್ಲಾಡದೆ ನಿಂತಷ್ಟೂ ಚಿತ್ರ ಚೊಕ್ಕ. ಅವನು ಓಡಿದ ಕೂಡಲೇ ಹಳೇ ಫ್ರೇಮಿನ ಲೆಕ್ಕ ಅಷ್ಟಾಗಿ ಹೊಂದಲ್ಲ, ಕಂಬದ ಹಿಂದಿನಿಂದ ಹೊಸದಾಗಿ ಕಾಣಿಸಿಕೊಂಡ ಗೋಡೆಗೆ ಹಿಂದಿನ ನೆನಪೇ ಇರಲ್ಲ, ಬೇಲಿಯ ತಂತಿ ನಡುಗುತ್ತದೆ, ಓಡುವ ಕುದುರೆಯ ಹಿಂದೆ ಅದರದೇ ದೆವ್ವ ಹಿಂಬಾಲಿಸುತ್ತದೆ.

ಇದು ಕನ್ಸೋಲಿನ ಕಥೆ ಆಯ್ತು. ಟಿವಿಯದ್ದೂ ಹೆಚ್ಚುಕಮ್ಮಿ ಇದೇ ಕಥೆ. ಈಗಿನ ಎಲ್‌ಸಿಡಿ, ಓಎಲ್‌ಇಡಿ ತೆರೆಗಳು ಒಂದು ಫ್ರೇಮನ್ನು ಮುಂದಿನದು ಬರೋವರೆಗೆ ಹಾಗೇ ಹಿಡಿದಿಟ್ಟುಕೊಂಡಿರುತ್ತವೆ. ನಮ್ಮ ಕಣ್ಣು ಮಾತ್ರ ಓಡುವ ವಸ್ತುವಿನ ಜೊತೆ ಸರಿಯುತ್ತಲೇ ಇರುತ್ತದೆ. ಕಣ್ಣು ಸರಿದು ಚಿತ್ರ ನಿಂತಿತು ಅಂದ್ರೆ ಅದು ಎಳೆದ ಹಾಗೆ ಕಾಣುತ್ತದೆ. ಒಂದು ಕಾರು ತೆರೆಯ ಈ ತುದಿಯಿಂದ ಆ ತುದಿಗೆ ಒಂದು ಸೆಕೆಂಡಿನಲ್ಲಿ ಹೋಯಿತು ಅಂದುಕೊಳ್ಳಿ. ಸೆಕೆಂಡಿಗೆ 60 ಫ್ರೇಮ್ ಇದ್ದರೆ ಒಂದೊಂದು ಫ್ರೇಮಿಗೂ ಅದು 64 ಪಿಕ್ಸೆಲ್ ಹಾರಬೇಕು, ಅದನ್ನು ಹಿಂಬಾಲಿಸುವ ಕಣ್ಣಿಗೆ ಅಂಚು ಹೆಚ್ಚುಕಮ್ಮಿ ಅಷ್ಟೇ ಅಗಲಕ್ಕೆ ಅಳಿಸಿದ ಹಾಗಿರುತ್ತದೆ. 30 ಫ್ರೇಮ್ ಆದರೆ 128. ಒಂದೊಂದು ಪಿಕ್ಸೆಲನ್ನೂ ಲೆಕ್ಕ ಹಾಕಿ ಜೋಡಿಸಿದ್ದು ಇದಕ್ಕಾ? ಹಳೇ ಡಬ್ಬಾ ಟಿವಿಯಲ್ಲಿ ಈ ತೊಂದರೆ ಇರಲಿಲ್ಲ, ಅದರ ಗೆರೆಗಳು ಮಿಂಚಿ ತಕ್ಷಣ ಆರಿಹೋಗುತ್ತಿದ್ದವು. ಪಿಕ್ಸೆಲ್ ಕಮ್ಮಿ, ಓಟ ಮಾತ್ರ ಸ್ಪಷ್ಟ.

ಹಾಗಾಗಿ 4ಕೆ ಅನ್ನೋದು ನಿಂತವನ ಸೊತ್ತು ಅಂತ ನನ್ನ ವಾದ. ಆಟ ಮಾಡುವವರಿಗೂ ಇದು ಗೊತ್ತಿಲ್ಲದೆ ಇಲ್ಲ. 2022ರಲ್ಲಿ ಬಂದ ಗ್ರ್ಯಾನ್ ಟುರಿಸ್ಮೊ 7 ನೋಡಿ. ಪಿಎಸ್5ನಲ್ಲಿ ಅದಕ್ಕೆ ರೇ ಟ್ರೇಸಿಂಗ್ ಇತ್ತು, ಕಾರಿನ ಮೈಮೇಲೆ ಪಕ್ಕದ ಕಾರು ಪ್ರತಿಫಲಿಸುವಂಥ ಬೆಳಕಿನ ಚಮತ್ಕಾರ. ಆದರೆ ಯಾವಾಗ? ಕಾರು ಗ್ಯಾರೇಜಿನಲ್ಲಿ ನಿಂತಿರುವಾಗ, ಫೋಟೋ ತೆಗೆಯುವಾಗ, ರೇಸ್ ಮುಗಿದು ರೀಪ್ಲೇ ನೋಡುವಾಗ. ರೇಸಿನಲ್ಲಿ ಇಲ್ಲ. ರೇಸಿಂಗ್ ಆಟದಲ್ಲಿ ರೇಸ್ ಬಿಟ್ಟು ಉಳಿದ ಹೊತ್ತಿನಲ್ಲಿ ಮಾತ್ರ! ನಗು ಬಂದರೂ ಅವರ ಲೆಕ್ಕ ಸರಿಯಾಗೇ ಇತ್ತು ಅನ್ನಬೇಕು. ತಿರುವಿನಲ್ಲಿ ಬ್ರೇಕ್ ಎಲ್ಲಿ ಹಾಕಲಿ ಅಂತ ಒದ್ದಾಡುವವನು ಪಕ್ಕದ ಕಾರಿನ ಬಾಗಿಲಲ್ಲಿ ತನ್ನ ಮುಖ ನೋಡಿಕೊಳ್ಳೋಕೆ ಹೋಗಲ್ಲ.

ಇದೇ ಜಗಳವನ್ನು ಈಗಿನ ಆಟಗಳು ಮೆನುವಿಗೇ ತಂದು ನಮ್ಮ ತಲೆಗೆ ಕಟ್ಟಿವೆ. ಕ್ವಾಲಿಟಿ ಮೋಡ್ ಬೇಕಾ, ಪರ್ಫಾರ್ಮೆನ್ಸ್ ಮೋಡ್ ಬೇಕಾ? ಮೊದಲನೆಯದರಲ್ಲಿ ಪಿಕ್ಸೆಲ್ ಜಾಸ್ತಿ, ಸಾಮಾನ್ಯವಾಗಿ ಸೆಕೆಂಡಿಗೆ 30 ಫ್ರೇಮ್, ಅಂದರೆ ಒಂದು ಚಿತ್ರಕ್ಕೂ ಇನ್ನೊಂದಕ್ಕೂ ನಡುವೆ 33 ಮಿಲಿಸೆಕೆಂಡ್. ಎರಡನೆಯದರಲ್ಲಿ ಪಿಕ್ಸೆಲ್ ಕಮ್ಮಿ, 60 ಫ್ರೇಮ್, ಸುಮಾರು 17 ಮಿಲಿಸೆಕೆಂಡ್. ಬಟನ್ ಒತ್ತಿದ್ದಕ್ಕೆ ಕತ್ತಿ ಬೀಸೋದು ಅಷ್ಟು ಬೇಗ. 2024ರಲ್ಲಿ ಪಿಎಸ್5 ಪ್ರೊ ತೋರಿಸುವಾಗ ಅದರ ವಿನ್ಯಾಸದ ಮುಖ್ಯಸ್ಥ ಮಾರ್ಕ್ ಸರ್ನಿ ಒಂದು ಮಾತು ಹೇಳಿದ್ದರು. ಆಯ್ಕೆ ಕೊಟ್ಟಾಗ ಮುಕ್ಕಾಲು ಪಾಲು ಸಲ ಆಟಗಾರರು ಪರ್ಫಾರ್ಮೆನ್ಸ್ ಕಡೆಗೇ ಹೋಗುತ್ತಾರಂತೆ. ಅಂದರೆ 4ಕೆ ಹೆಸರು ನೋಡಿ ಕನ್ಸೋಲು ತಗೊಂಡವರೇ ಆಡೋಕೆ ಕೂತ ಮೇಲೆ ಅದನ್ನು ಆಫ್ ಮಾಡುತ್ತಿದ್ದಾರೆ. ನಾನು ಆ ಮುಕ್ಕಾಲಿಗೂ ಸೇರಿಲ್ಲ, ಉಳಿದ ಕಾಲಿಗೂ ಸೇರಿಲ್ಲ. ಹೊಸ ಊರು ಬಂದಾಗ ಕ್ವಾಲಿಟಿ, ಹೊಡೆದಾಟ ಶುರುವಾಯಿತು ಅಂದ್ರೆ ಪರ್ಫಾರ್ಮೆನ್ಸ್, ಹೀಗೆ ಮೆನು ತೆಗೆದು ಮುಚ್ಚೋದೇ ಒಂದು ಆಟ ಆಗಿಬಿಟ್ಟಿದೆ.

4ಕೆ ಪಾಡೇ ಹೀಗಿರುವಾಗ 8ಕೆ ಕಥೆ ಕೇಳಿ. 2020ರಲ್ಲಿ ಪಿಎಸ್5 ಬಂದಾಗ ಡಬ್ಬಿಯ ಮೇಲೆ 8ಕೆ ಅಂತ ಮುದ್ರೆ ಇತ್ತು. 8ಕೆ ಅಂದ್ರೆ 7680ಕ್ಕೆ 4320, ಒಂದು ಚಿತ್ರಕ್ಕೆ 3 ಕೋಟಿ 31 ಲಕ್ಷಕ್ಕೂ ಜಾಸ್ತಿ ಪಿಕ್ಸೆಲ್. 2024ರ ಹೊತ್ತಿಗೆ ಆ ಮುದ್ರೆ ಡಬ್ಬಿಯಿಂದ ಸದ್ದಿಲ್ಲದೆ ಮಾಯವಾಗಿತ್ತು. ನಡುವೆ 2021ರಲ್ಲಿ ದಿ ಟೂರಿಸ್ಟ್ ಅನ್ನೋ ಚಿಕ್ಕ ಆಟ ಮಾತ್ರ ನಿಜಕ್ಕೂ 8ಕೆಯಲ್ಲಿ, ಅದೂ 60 ಫ್ರೇಮಿನಲ್ಲಿ, ಚಿತ್ರ ಬಿಡಿಸಿ ತೋರಿಸಿತು. ತೋರಿಸಿತು ಅಂದ್ರೆ ಒಳಗೆ ಬಿಡಿಸಿತು. ಆಗ ಪಿಎಸ್5 8ಕೆ ಚಿತ್ರವನ್ನು ಹೊರಗೆ ಕಳಿಸುತ್ತಲೇ ಇರಲಿಲ್ಲ, ಅದನ್ನು 4ಕೆಗೆ ಇಳಿಸಿ ಟಿವಿಗೆ ಕೊಡುತ್ತಿತ್ತು. ಇನ್ನೊಂದು ತಮಾಷೆ ಅಂದ್ರೆ ಆ ಆಟದ ಜನರೆಲ್ಲ ಚೌಕಾಕಾರದ ಗೊಂಬೆಗಳು. ತಲೆ ಒಂದು ಪೆಟ್ಟಿಗೆ, ಮೈ ಇನ್ನೊಂದು ಪೆಟ್ಟಿಗೆ. ಮೂರು ಕೋಟಿ ಪಿಕ್ಸೆಲ್ ಸುರಿದು ಬಿಡಿಸಿದ ಆ ನಾಯಕನಿಗೂ ಒಂದು ಮೀಸೆ ಇದೆ. ಮಾರಿಯೋನ ಮೀಸೆಗೆ ಜಾಗ ಇಲ್ಲದ್ದು ಕಾರಣ, ಇವನದ್ದು ಬರೀ ಶೋಕಿ.

ಇಷ್ಟೆಲ್ಲ ಕಂಡರೂ ನೋಡೋ ಕಣ್ಣಿಗೆ ಒಂದು ಮಿತಿ ಇದೆ ಅಲ್ವಾ. ಚೆನ್ನಾಗಿರುವ ಕಣ್ಣು ಸುಮಾರಾಗಿ ಒಂದು ಡಿಗ್ರಿಯ ಅರವತ್ತನೇ ಒಂದು ಭಾಗದಷ್ಟು ಚಿಕ್ಕದನ್ನು ಬೇರ್ಪಡಿಸಿ ನೋಡಬಲ್ಲದು ಅಂತ ಕಣ್ಣಿನ ಡಾಕ್ಟರರ ಚಾರ್ಟಿನ ಲೆಕ್ಕ. 55 ಇಂಚಿನ 4ಕೆ ಟಿವಿಯಲ್ಲಿ ಒಂದು ಪಿಕ್ಸೆಲ್ ಅಂದಾಜು 0.32 ಮಿಲಿಮೀಟರ್. ಈ ಲೆಕ್ಕ ಹಿಡಿದು ಹೋದರೆ, ಒಂದು ಮೀಟರಿಗಿಂತ ಸ್ವಲ್ಪ ಹಿಂದೆ ಸರಿದ ಕೂಡಲೇ ಪಕ್ಕಪಕ್ಕದ ಪಿಕ್ಸೆಲ್ ಬೇರೆ ಬೇರೆಯಾಗಿ ಕಾಣೋದು ನಿಲ್ಲುತ್ತದೆ. 8ಕೆ ಆದರೆ ಅರ್ಧ ಮೀಟರಿಗೇ ಕೂರಬೇಕು. ಟಿವಿ ಹತ್ತಿರ ಕೂರಬೇಡ, ಕಣ್ಣು ಹಾಳಾಗುತ್ತೆ ಅಂತ ಹಿರಿಯರು ಬೈದಿದ್ದೇ ಬಂತು, ಈಗ ಕೊಟ್ಟ ದುಡ್ಡು ವಸೂಲಾಗಬೇಕಾದರೆ ಅಲ್ಲೇ ಹೋಗಿ ಕೂರಬೇಕು. ಸೋಫಾ ಇರೋದು ಗೋಡೆಗೆ ಒರಗಿಕೊಂಡು ಎರಡೂವರೆ ಮೀಟರ್ ಹಿಂದೆ, ಅದನ್ನು ಎಳೆದು ತಂದು ನಡುಮನೆಯಲ್ಲಿ ಹಾಕಿದರೆ ಮನೆಯವರು ನಡೆಯೋದೆಲ್ಲಿ?

ಹಾಗಂತ ದೂರದಿಂದ 4ಕೆ ದಂಡ ಅಂತಲ್ಲ. ಎರಡೂವರೆ ಮೀಟರಿನಿಂದ ನನಗೆ ಸಿಗೋದು ವಿವರಕ್ಕಿಂತ ಜಾಸ್ತಿ ಒಂಥರಾ ನೆಮ್ಮದಿ. ಹಳೇ ಆಟಗಳಲ್ಲಿ ದೂರದ ಕಟಕಟೆ, ವಿದ್ಯುತ್ ತಂತಿ, ಮರದ ಎಲೆ ಎಲ್ಲವೂ ಒಂದೇ ಸಮ ಕುದಿಯುತ್ತಿರುತ್ತಿದ್ದವು. ಕ್ಯಾಮೆರಾ ಸ್ವಲ್ಪ ಅಲ್ಲಾಡಿದರೆ ಅಂಚುಗಳ ಮೇಲೆ ಇರುವೆ ಸಾಲು ಹೊರಟ ಹಾಗೆ ಮೆಟ್ಟಿಲು ಮೆಟ್ಟಿಲು ಗೆರೆಗಳು ಓಡುತ್ತಿದ್ದವು. ಒಳಗೆ ಪಿಕ್ಸೆಲ್ ಜಾಸ್ತಿ ಇದ್ದಷ್ಟೂ ಆ ಗಲಾಟೆ ಅಡಗುತ್ತದೆ. ಬಾಕ್ಸಿನ ಮೇಲೆ ಇದನ್ನು ಯಾರೂ ಬರೆಯಲ್ಲ, ಬರೆದರೂ ಯಾರೂ ಅದನ್ನು ನೋಡಿ ತಗೊಳ್ಳಲ್ಲ.

ಜಾಗದ ವಿಷಯ ಒಂದಿದೆ. ಪಾಚಿಗೂ ಜಾಗ ಬೇಕಲ್ಲ. ಮೊದಲ ಪಿಎಸ್5ನ ಡ್ರೈವು 825 ಜಿಬಿ, ಅದರಲ್ಲಿ ನಮಗೆ ಸಿಗೋದು 667. ದೊಡ್ಡ ಆಟ ಒಂದೊಂದೇ 100 ಜಿಬಿ ದಾಟುತ್ತದೆ, ಹಾಗಾಗಿ ಹೊಸ ಕಾಡು ಬರಬೇಕಾದರೆ ಹಳೇ ಊರು ಅಳಿಸಬೇಕು. ಆಮೇಲೆ ಅಕ್ಷರಗಳ ಗೋಳು. 2006ರಲ್ಲಿ ಎಕ್ಸ್‌ಬಾಕ್ಸ್ 360ಕ್ಕೆ ಬಂದ ಡೆಡ್ ರೈಸಿಂಗ್ ಆಟದ ಅಕ್ಷರ ಹಳೇ ಟಿವಿ ಇದ್ದವರಿಗೆ ಓದೋಕೇ ಆಗುತ್ತಿರಲಿಲ್ಲ, ಎಚ್‌ಡಿ ತೆರೆ ಲೆಕ್ಕಕ್ಕೆ ಅಷ್ಟು ಚಿಕ್ಕದಾಗಿ ಬರೆದಿದ್ದರು. ಈಗಲೂ ಎಷ್ಟೋ ಆಟದಲ್ಲಿ ಅದೇ ಹಾಡು. ಪಾಚಿಯ ಬಣ್ಣ ಸೋಫಾದಿಂದಲೇ ಗೊತ್ತಾಗುತ್ತದೆ, ಮಂತ್ರವಾದಿ ಹೇಳಿದ್ದನ್ನು ಕೆಳಗೆ ಓದಬೇಕಾದರೆ ಎದ್ದು ಹೋಗಬೇಕು.

ಹಳೇ ಸ್ವಿಚ್‌ನಲ್ಲಿ ಜೆಲ್ಡಾದ ಬ್ರೆತ್ ಆಫ್ ದಿ ವೈಲ್ಡ್ ಆಟವನ್ನು ಟಿವಿಗೆ ಹಾಕಿದರೂ 1600ಕ್ಕೆ 900 ದಾಟುತ್ತಿರಲಿಲ್ಲ. ಅಲ್ಲೂ ನಾನು ನಿಂತು ನೋಡಿದ್ದುಂಟು. ಆದರೆ ಅಲ್ಲಿ ನೋಡಿದ್ದು ದೂರದ ಬೆಟ್ಟ. ಅಲ್ಲಿಗೆ ಹೋಗಬಹುದಾ ಅಂತ ನೋಡಿದ್ದು, ಆಮೇಲೆ ಹೋಗಿದ್ದೂ ಹೌದು. 4ಕೆ ಬಂದ ಮೇಲೆ ಕಣ್ಣು ಬೆಟ್ಟ ಬಿಟ್ಟು ಪಕ್ಕದ ಗೋಡೆಗೆ ಇಳಿದಿದೆ. ಗೋಡೆ ನೋಡಿದ ಮೇಲೆ ಹೋಗೋಕೆ ಎಲ್ಲೂ ಇಲ್ಲ, ಇನ್ನೊಂದು ಗೋಡೆ ಹುಡುಕಬೇಕು ಅಷ್ಟೇ.

ಮುಂದಿನ ಕನ್ಸೋಲು ಮಾಡುವವರಿಗೆ ನನ್ನದೊಂದು ಅರ್ಜಿ ಇದೆ. ಆ ಮೆನು ತೆಗೆದುಬಿಡಿ. ವೀರ ನಿಂತಾಗ ನೀವೇ ಪಿಕ್ಸೆಲ್ ಎಲ್ಲ ಸುರಿಯಿರಿ, ಸೆಕೆಂಡಿಗೆ 30 ಫ್ರೇಮ್ ಆದರೂ ಯಾರೂ ಕೇಳಲ್ಲ, ಪಾಚಿ ಎಲ್ಲೂ ಓಡಿಹೋಗಲ್ಲ. ಅವನು ಕಾಲು ಎತ್ತಿದ ಕೂಡಲೇ 60 ಆಗಲಿ, ಕತ್ತಿ ಎಳೆದರೆ 120 ಆಗಲಿ. ಫ್ರೇಮು ಹೆಚ್ಚುಕಮ್ಮಿಯಾದರೂ ಅದಕ್ಕೆ ಹೊಂದಿಕೊಳ್ಳುವ ವಿಆರ್‌ಆರ್ ಈಗಾಗಲೇ ಹೊಸ ಟಿವಿಗಳಲ್ಲಿ ಇದೆ, ಹಾಗಾಗಿ ತೀರಾ ಆಗದ ಮಾತೇನಲ್ಲ. ನಡೆದಾಗ ಚಿತ್ರ ಒಮ್ಮೆಲೇ ಮಂಕಾಯಿತು ಅಂತ ಯಾರಾದರೂ ದೂರುತ್ತಾರಾ? ಖಂಡಿತ ದೂರುತ್ತಾರೆ. ಓಡುತ್ತಲೇ ಗೋಡೆ ನೋಡುವ ಜನ ಎಲ್ಲೋ ಇದ್ದೇ ಇರುತ್ತಾರೆ, ಅವರಿಗೆ ಬೇಕಾದರೆ ಸೆಟ್ಟಿಂಗ್ಸ್ ಒಳಗೆ ಎಲ್ಲಾದರೂ ಒಂದು ಬಟನ್ ಇಟ್ಟುಬಿಡಿ.