ಒಮರ್ ಷರೀಫನ ಹೆಂಡ್ತಿಯಂತೆ!

ಮೊನ್ನೆ ಗೆಳೆಯರೊಬ್ಬರ ಹತ್ತಿರ ಈಜಿಪ್ಟಿನ ಹಳೇ ಸಿನಿಮಾಗಳ ಮಾತು ಬಂತು. ನಟಿ ಫಾತೆನ್ ಹಮಾಮಾ ಅಂದೆ. "ಓ, ಒಮರ್ ಷರೀಫನ ಹೆಂಡ್ತಿ ಅಲ್ವಾ?" ಅಂದುಬಿಟ್ಟರು. ಮೈಯೆಲ್ಲ ಉರಿದುಹೋಯ್ತು.

ಸ್ವಾಮಿ, ಲೆಕ್ಕ ಉಲ್ಟಾ. 1954ರಲ್ಲಿ ನಿರ್ದೇಶಕ ಯೂಸುಫ್ ಶಾಹೀನ್ ಹೊಸ ಹುಡುಗನೊಬ್ಬನನ್ನು ಹೀರೋ ಮಾಡಿದಾಗ ಎದುರಿಗಿದ್ದ ಫಾತೆನ್ ಆಗಲೇ ದೊಡ್ಡ ತಾರೆ. 1940ರಲ್ಲಿ, ಇನ್ನೂ ಪುಟ್ಟ ಹುಡುಗಿಯಾಗಿದ್ದಾಗಲೇ, ಗಾಯಕ ಮೊಹಮ್ಮದ್ ಅಬ್ದೆಲ್ ವಹಾಬ್ ಚಿತ್ರದಲ್ಲಿ ನಟಿಸಿದ್ದವಳು. ಆ ಹೊಸ ಹುಡುಗನೇ ಷರೀಫ್. ಮರುವರ್ಷ ಮದುವೆ, ಆಮೇಲೆ ಅವನಿಗೆ ಹಾಲಿವುಡ್. ನಮಗೆ ನೆನಪಿರೋದು ಅವನು ಮಾತ್ರ.

ದೂರೇ ಇಲ್ಲ ಅಂತಲ್ಲ. ಐವತ್ತರ ದಶಕದ ಆಕೆಯ ಎಷ್ಟೋ ಚಿತ್ರಗಳಲ್ಲಿ ಅಳೋದೇ ಕೆಲಸ, ನನಗೂ ಬೇಜಾರಾಗಿದೆ. ಆದರೆ 1965ರ 'ಅಲ್ ಹರಾಮ್' ನೋಡಿ. ಹೆನ್ರಿ ಬರಕಾತ್ ನಿರ್ದೇಶನ, ಯೂಸುಫ್ ಇದ್ರಿಸ್ ಕಥೆ. ಫಾತೆನ್ ಇಲ್ಲಿ ಅಜೀಜಾ, ಊರೂರು ಅಲೆಯುವ ಕೂಲಿಯವಳು. ಕಾಯಿಲೆ ಬಿದ್ದ ಗಂಡನಿಗೆ ಗೆಣಸು ತಿನ್ನೋ ಆಸೆ. ಯಾರದೋ ಹೊಲದಲ್ಲಿ ಕೂತು ಬರಿಗೈಲಿ ಮಣ್ಣು ಬಗೀತಾಳೆ. ಅಲ್ಲೇ ಅತ್ಯಾಚಾರ ಆಗುತ್ತೆ. ಬಸಿರನ್ನು ಬಟ್ಟೆ ಬಿಗಿದು ಮುಚ್ಚಿಟ್ಟುಕೊಂಡು ಕೂಲಿಗೆ ಹೋಗ್ತಾಳೆ. ಹೊಲದಲ್ಲೇ ಒಬ್ಬಳೇ ಹೆರ್ತಾಳೆ. ಅಳು ಯಾರಿಗಾದರೂ ಕೇಳೀತು ಅಂತ ಮಗುವಿನ ಬಾಯಿ ಮುಚ್ಚಿದ್ದೇ, ಅದರ ಉಸಿರು ನಿಂತುಹೋಗುತ್ತೆ. ಬಾಣಂತಿ ಜ್ವರದಲ್ಲೇ ಮತ್ತೆ ಹತ್ತಿ ಹೊಲದಲ್ಲಿ ಬಗ್ಗಿ ಹುಳ ಆರಿಸೋಕೆ ಹೋಗ್ತಾಳೆ. ಇಷ್ಟೆಲ್ಲ ಆದರೂ ಫಾತೆನ್ ಎದೆ ಬಡಿದುಕೊಂಡು ಅಳಲ್ಲ. ಆ ವರ್ಷ ಕಾನ್ ಚಿತ್ರೋತ್ಸವದ ಸ್ಪರ್ಧೆಗೂ ಹೋಗಿತ್ತು ಈ ಚಿತ್ರ.

ಆಮೇಲೆ ಐದು ವರ್ಷ ಈಜಿಪ್ಟ್‌ನಿಂದಲೇ ದೂರ. ಗುಪ್ತಚರ ಇಲಾಖೆಯ ಕಾಟ ತಡೀಲಾರದೆ 1966ರಲ್ಲಿ ಹೊರಟೆ ಅಂತ ಆಕೆಯೇ ಹೇಳಿಕೊಂಡಿದ್ದಳು. 1971ರಲ್ಲಿ ವಾಪಸ್. 1975ರಲ್ಲಿ 'ಉರೀದು ಹಲ್ಲನ್', ಅಂದ್ರೆ 'ನನಗೊಂದು ಪರಿಹಾರ ಬೇಕು'. ವಿಚ್ಛೇದನಕ್ಕಾಗಿ ವರ್ಷಗಟ್ಟಲೆ ಕೋರ್ಟ್ ಮೆಟ್ಟಿಲು ಹತ್ತಿಳಿದು ಸೋಲುವ ಹೆಂಗಸಿನ ಕಥೆ. 1979ರಲ್ಲಿ ಅಲ್ಲಿನ ವಿಚ್ಛೇದನದ ಕಾನೂನು ತಿದ್ದುಪಡಿಯಾಯ್ತು. ಒಂದು ಸಿನಿಮಾ ಕಾನೂನು ಬದಲಿಸ್ತು ಅನ್ನೋ ಮಾತನ್ನು ನಾನು ಪೂರ್ತಿ ನಂಬೋನಲ್ಲ. ಆದರೆ ಮನೆಯೊಳಗಿನ ವಿಚ್ಛೇದನದ ಮಾತು ಬೀದಿಗೆ ಬಂದದ್ದರಲ್ಲಿ ಈ ಚಿತ್ರದ ಪಾಲು ದೊಡ್ಡದು.

ಅರವತ್ತು ತುಂಬುವ ಹೊತ್ತಿಗೆ ಟೀವಿಗೂ ಬಂದಳು, 'ಅಬ್ಲಾ ಹಿಕ್ಮತ್' ಅನ್ನೋ ಹೆಡ್ ಮೇಡಂ ಆಗಿ. 'ಅಬ್ಲಾ' ಅಂದ್ರೆ ಅಲ್ಲಿ ಅಕ್ಕ, ಟೀಚರ್‌ಗೂ ಹಾಗೇ ಕರೀತಾರೆ. 2015ರ ಜನವರಿಯಲ್ಲಿ ತೀರಿಕೊಂಡಳು. ಅದೇ ಜುಲೈಯಲ್ಲಿ ಷರೀಫ್.

ಗೆಳೆಯರಿಗೆ 'ಅಲ್ ಹರಾಮ್' ಲಿಂಕ್ ಕಳಿಸಿದ್ದೀನಿ. ನೀಲಿ ಟಿಕ್ ಬಂದು ಎರಡು ದಿನ ಆಯ್ತು, ಉತ್ತರ ಇಲ್ಲ.