ಆ ಚಿತ್ರ ಮಂಡ್ಯದ ಕಾಡುಹಂದಿಯದಲ್ಲ

ಮುಖದ ತುಂಬ ಗಂಟುಗಳಿರುವ, ಕೋರೆ ಮೇಲಕ್ಕೆ ಬಾಗಿದ ಹಂದಿಯ ಚಿತ್ರವನ್ನು, ಮಂಡ್ಯದ ಕಬ್ಬಿನ ಗದ್ದೆಗಳಲ್ಲಿ ದಶಕಗಟ್ಟಲೆ ಬದುಕುವ ಕಾಡುಹಂದಿಯೆಂದು ಹೇಳುವ ಸಂದೇಶ ವಾಟ್ಸ್‌ಆ್ಯಪ್‌ನಲ್ಲಿ ಆಗಾಗ ಬರುತ್ತಿರುತ್ತದೆ. ಬೆಳೆ ಕಳೆದುಕೊಂಡ ರೈತರು ಆತಂಕದಿಂದ ಅದನ್ನು ಹಂಚಿಕೊಳ್ಳುವುದು ಸಹಜವೇ. ಆದರೆ ಅದು ಸಹಾರಾದ ದಕ್ಷಿಣಕ್ಕಿರುವ ಆಫ್ರಿಕಾದ ವಾರ್ಟ್‌ಹಾಗ್; ನಮ್ಮ ಕಾಡುಹಂದಿಯ ಮುಖದಲ್ಲಿ ಅಂಥ ಗಂಟುಗಳಿಲ್ಲ.

ವಾರ್ಟ್‌ಹಾಗ್ ಮುಂಗಾಲುಗಳನ್ನು ಮಡಿಸಿ, ಮಂಡಿಯೂರಿದಂತೆ ಕುಳಿತು ಹುಲ್ಲು ಮೇಯುತ್ತದೆ. ರಾತ್ರಿ ಆರ್ಡ್‌ವಾರ್ಕ್ ಎಂಬ ಗೆದ್ದಲು ತಿನ್ನುವ ಪ್ರಾಣಿ ತೋಡಿಬಿಟ್ಟ ಬಿಲದೊಳಕ್ಕೆ ಹಿಮ್ಮುಖವಾಗಿ ಸರಿದು, ಕೋರೆಗಳು ಬಿಲದ ಬಾಯಿಯ ಕಡೆಗಿರುವಂತೆ ಮಲಗುತ್ತದೆ. ಇಷ್ಟು ಎಚ್ಚರವಿದ್ದರೂ ಸಿಂಹ, ಚಿರತೆಗಳ ನಡುವೆ ಮರಿಗಳಲ್ಲಿ ಹಲವು ಮೊದಲ ವರ್ಷವನ್ನೇ ದಾಟುವುದಿಲ್ಲ, ಬೆಳೆದವುಗಳೂ 15 ವರ್ಷ ಮೀರುವುದು ಅಪರೂಪ.

ಇಂಥ ಚಿತ್ರ ಬಂದಾಗ ಗೂಗಲ್ ಲೆನ್ಸ್‌ನಲ್ಲಿ ಹುಡುಕಿ, ಹಿನ್ನೆಲೆಯ ಮರಗಿಡಗಳು ನಮ್ಮ ಕಡೆಯವೇ ಎಂದು ಗಮನಿಸಿ, ಸಂದೇಹ ಉಳಿದರೆ ಹತ್ತಿರದ ವಲಯ ಅರಣ್ಯ ಕಚೇರಿಯಲ್ಲಿ ತೋರಿಸಿ ಕೇಳಬಹುದು.